ಭಾರತೀಯ ಚಲನಚಿತ್ರರಂಗದ ಪಿತಾಮಹ ದಾದಾಸಾಹೇಬ್ ಫಾಲ್ಕೆ (1870–1944)

ಮೂಕಿ ಚಿತ್ರಗಳ ಕಾಲದಲ್ಲಿ ಪುರಾಣ ಕಥೆಗಳನ್ನು ಹಾಗೂ ಅದ್ಭುತರಮ್ಯ ದೃಶ್ಯಗಳನ್ನು ಪ್ರಪ್ರಥಮವಾಗಿ ಬೆಳ್ಳಿತೆರೆಯ ಮೇಲೆ ಮೂಡಿಸಿ, ಭಾರತದಲ್ಲಿ ಚಲನಚಿತ್ರ ಉದ್ಯಮಕ್ಕೆ ಭದ್ರ ಬುನಾದಿ ಹಾಕಿದ ಶ್ರೀ ಧುಂಡಿರಾಜ ಗೋವಿಂದ ಫಾಲ್ಕೆ ಅವರ ಜೀವನ ಮತ್ತು ಸಾಧನೆಯ ಸಂಕ್ಷಿಪ್ತ ಪರಿಚಯವನ್ನು ಸಾರ್ವಜನಿಕರ ಮಾಹಿತಿಗಾಗಿ ಈ ಪುಟದಲ್ಲಿ ನೀಡಲಾಗಿದೆ. ಭಾರತ ಸರ್ಕಾರವು ಚಲನಚಿತ್ರ ಕ್ಷೇತ್ರದ ಜೀವಮಾನದ ಸಾಧನೆಗಾಗಿ ನೀಡುವ ಅತ್ಯುನ್ನತ ಪ್ರಶಸ್ತಿಯು ಇವರ ಹೆಸರಿನಲ್ಲಿದೆ. ಪ್ರಶಸ್ತಿಯ ಹೆಸರನ್ನು ಬಲ್ಲವರು ಅನೇಕರು. ಆದರೆ ಆ ಹೆಸರಿನ ಹಿಂದಿರುವ ವ್ಯಕ್ತಿ ಪಟ್ಟ ಪರಿಶ್ರಮ, ಹೂಡಿದ ಬಂಡವಾಳ ಹಾಗೂ ಅನುಭವಿಸಿದ ನಷ್ಟವನ್ನು ಬಲ್ಲವರು ವಿರಳ.

ಜನನ ಮತ್ತು ಬಾಲ್ಯ

ಫಾಲ್ಕೆ ಅವರು ದಿನಾಂಕ 30 ಏಪ್ರಿಲ್ 1870ರಂದು ಅಂದಿನ ಮುಂಬಯಿ ಪ್ರಾಂತ್ಯದ ನಾಸಿಕ್ ಸಮೀಪದಲ್ಲಿರುವ ಪುಣ್ಯಕ್ಷೇತ್ರ ತ್ರ್ಯಂಬಕೇಶ್ವರದಲ್ಲಿ ಜನಿಸಿದರು. ಇವರ ತಂದೆ ಗೋವಿಂದ ಸದಾಶಿವ ಫಾಲ್ಕೆ ಅವರು ಸಂಸ್ಕೃತ ವಿದ್ವಾಂಸರಾಗಿದ್ದು, ಮುಂದೆ ಮುಂಬಯಿಯ ವಿಲ್ಸನ್ ಕಾಲೇಜಿನಲ್ಲಿ ಸಂಸ್ಕೃತ ಅಧ್ಯಾಪಕರಾಗಿ ಸೇವೆ ಸಲ್ಲಿಸಿದರು. ಮನೆಯಲ್ಲಿ ರಾಮಾಯಣ, ಮಹಾಭಾರತ ಮತ್ತು ಭಾಗವತಗಳ ಪಾರಾಯಣ ನಿತ್ಯದ ವಿಧಿಯಾಗಿತ್ತು. ಬಾಲಕ ಧುಂಡಿರಾಜನಿಗೆ ಈ ಕಥೆಗಳು ಕಿವಿಯ ಮೂಲಕ ಕರಗತವಾದವು. ಚಿತ್ರ ಬಿಡಿಸುವುದು, ಗೊಂಬೆ ಮಾಡುವುದು, ಮನೆಯಲ್ಲಿಯೇ ಸಣ್ಣಪುಟ್ಟ ನಾಟಕಗಳನ್ನು ಏರ್ಪಡಿಸುವುದು ಇವುಗಳಲ್ಲಿ ಆತನಿಗೆ ಬಾಲ್ಯದಿಂದಲೂ ಆಸಕ್ತಿಯಿತ್ತು.

ವಿದ್ಯಾಭ್ಯಾಸ ಮತ್ತು ಕಲಾ ತರಬೇತಿ

1885ರಲ್ಲಿ ಫಾಲ್ಕೆ ಅವರು ಮುಂಬಯಿಯ ಸರ್ ಜೆ.ಜೆ. ಕಲಾಶಾಲೆಗೆ ಪ್ರವೇಶ ಪಡೆದರು. ಅನಂತರ ಬರೋಡಾದ ಕಲಾಭವನದಲ್ಲಿ ವ್ಯಾಸಂಗ ಮುಂದುವರಿಸಿ, ತೈಲವರ್ಣ ಹಾಗೂ ಜಲವರ್ಣ ಚಿತ್ರಕಲೆ, ಮೂರ್ತಿ ನಿರ್ಮಾಣ, ವಾಸ್ತುಶಿಲ್ಪ ಮತ್ತು ಛಾಯಾಗ್ರಹಣಗಳಲ್ಲಿ ಪರಿಣತಿ ಗಳಿಸಿದರು. ಕಲಾಭವನದ ಮುಖ್ಯಸ್ಥರಾಗಿದ್ದ ಪ್ರೊ. ಗಜ್ಜರ್ ಅವರು ಈ ವಿದ್ಯಾರ್ಥಿಯ ಪ್ರತಿಭೆಯನ್ನು ಗುರುತಿಸಿ ಪ್ರೋತ್ಸಾಹಿಸಿದರು. ಮುದ್ರಣಕ್ಕೆ ಬೇಕಾದ ಅಚ್ಚುಗಳ ತಯಾರಿಕೆ, ಮೂರು ಬಣ್ಣಗಳ ಮುದ್ರಣ ಮುಂತಾದ ತಾಂತ್ರಿಕ ವಿದ್ಯೆಗಳನ್ನು ಅವರು ರತ್ಲಾಮ್‌ನಲ್ಲಿ ಕಲಿತರು.

ಒಂದೇ ವಿದ್ಯೆಗೆ ತಮ್ಮನ್ನು ಸೀಮಿತಗೊಳಿಸಿಕೊಳ್ಳದೆ ಹಲವು ಕುಶಲಕಲೆಗಳನ್ನು ಅಭ್ಯಾಸ ಮಾಡಿದ್ದು ಆ ಕಾಲದಲ್ಲಿ ಅನೇಕರಿಗೆ ಚಂಚಲತೆಯಾಗಿ ಕಂಡಿರಬಹುದು. ಆದರೆ ಮುಂದೆ ಚಿತ್ರಕಥೆ, ಛಾಯಾಗ್ರಹಣ, ರಂಗಸಜ್ಜಿಕೆ, ವೇಷಭೂಷಣ, ಸಂಸ್ಕರಣೆ ಮತ್ತು ಸಂಕಲನ ಈ ಎಲ್ಲ ಕಾರ್ಯಗಳನ್ನೂ ಒಬ್ಬರೇ ನಿರ್ವಹಿಸಬೇಕಾಗಿ ಬಂದಾಗ ಈ ಕಲಿಕೆಯೆಲ್ಲವೂ ಉಪಯೋಗಕ್ಕೆ ಬಂದಿತು.

ವೃತ್ತಿ ಜೀವನದ ಆರಂಭ

ಫಾಲ್ಕೆ ಅವರು ಗೋಧ್ರಾ ಪಟ್ಟಣದಲ್ಲಿ ಛಾಯಾಗ್ರಾಹಕರಾಗಿ ಸ್ವತಂತ್ರ ವೃತ್ತಿ ಆರಂಭಿಸಿದರು. ಆದರೆ ಪ್ಲೇಗ್ ಮಹಾಮಾರಿಗೆ ಅವರ ಪ್ರಥಮ ಪತ್ನಿ ಮತ್ತು ಮಗು ಬಲಿಯಾದ ಕಾರಣ ಆ ವೃತ್ತಿಯನ್ನು ತೊರೆದು ಬರೋಡಾಕ್ಕೆ ಹಿಂದಿರುಗಿದರು. ಇದೇ ಅವಧಿಯಲ್ಲಿ ಇಂದ್ರಜಾಲ ವಿದ್ಯೆಯನ್ನೂ ಅಭ್ಯಾಸ ಮಾಡಿ, ತಮ್ಮ ಮನೆತನದ ಹೆಸರಿನ ಅಕ್ಷರಗಳನ್ನು ಹಿಂದುಮುಂದಾಗಿಸಿ ಪ್ರೊಫೆಸರ್ ಕೆಲ್ಫಾ ಎಂಬ ಹೆಸರಿನಲ್ಲಿ ಪ್ರದರ್ಶನಗಳನ್ನು ನೀಡಿದರು. ಜನರ ಕಣ್ಣಿಗೆ ಇಲ್ಲದ್ದನ್ನು ಇದೆಯೆಂದು ತೋರಿಸುವ ಈ ವಿದ್ಯೆಯೇ ಮುಂದೆ ಅವರ ಚಿತ್ರಗಳ ಜೀವಾಳವಾಯಿತು.

1902ರಲ್ಲಿ ಅವರ ಎರಡನೆಯ ವಿವಾಹವು ಗಿರಿಜಾ ಕರಂದೀಕರ್ ಅವರೊಂದಿಗೆ ನೆರವೇರಿತು. ವಿವಾಹಾನಂತರ ಸರಸ್ವತಿ ಎಂಬ ಹೆಸರು ಪಡೆದ ಇವರ ಸಹಕಾರವಿಲ್ಲದೆ ಫಾಲ್ಕೆ ಅವರ ಯಾವ ಸಾಧನೆಯೂ ಸಾಧ್ಯವಾಗುತ್ತಿರಲಿಲ್ಲ ಎಂಬುದು ಮುಂದಿನ ವಿವರಗಳಿಂದ ತಿಳಿದುಬರುತ್ತದೆ. 1903ರಲ್ಲಿ ಫಾಲ್ಕೆ ಅವರಿಗೆ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆಯಲ್ಲಿ ಛಾಯಾಗ್ರಾಹಕ ಮತ್ತು ನಕ್ಷೆಗಾರರ ಹುದ್ದೆ ದೊರೆಯಿತು. ಸ್ಥಿರ ವೇತನದ ಈ ಸರ್ಕಾರಿ ಸೇವೆಗೆ ಅವರು 1906ರಲ್ಲಿ ರಾಜೀನಾಮೆ ನೀಡಿ, ಪಾಲುದಾರಿಕೆಯಲ್ಲಿ ಲೋಣಾವಳದಲ್ಲಿ ಮುದ್ರಣಾಲಯವನ್ನು ಸ್ಥಾಪಿಸಿದರು. ಅನಂತರ ಈ ಮುದ್ರಣಾಲಯವು ಮುಂಬಯಿಯ ದಾದರ್‌ಗೆ ಸ್ಥಳಾಂತರಗೊಂಡು ಲಕ್ಷ್ಮೀ ಆರ್ಟ್ ಪ್ರಿಂಟಿಂಗ್ ವರ್ಕ್ಸ್ ಎಂಬ ಹೆಸರು ಪಡೆಯಿತು. 1909ರಲ್ಲಿ ವರ್ಣ ಮುದ್ರಣದ ಯಂತ್ರೋಪಕರಣಗಳಿಗಾಗಿ ಅವರು ಜರ್ಮನಿಗೆ ಪ್ರವಾಸ ಕೈಗೊಂಡರು.

ಈ ವರ್ಷಗಳಲ್ಲಿ ಫಾಲ್ಕೆ ಅವರು ರಾಜಾ ರವಿವರ್ಮರ ದೇವದೇವತೆಯರ ಚಿತ್ರಗಳ ಮುದ್ರಣ ಕಾರ್ಯದಲ್ಲಿ ತೊಡಗಿದ್ದರು. ಗೋಡೆಗೆ ತೂಗುಹಾಕಿದ ಈ ಚಿತ್ರಗಳ ಮೂಲಕ ರಾಮ, ಕೃಷ್ಣ, ಲಕ್ಷ್ಮೀ, ಸರಸ್ವತಿಯರ ರೂಪವು ಜನಸಾಮಾನ್ಯರ ಮನೆಮನೆಗೂ ತಲುಪಿತ್ತು. ಅಂತಹ ಚಿತ್ರಗಳು ಚಲಿಸುವಂತಾದರೆ ಜನರ ಮೇಲೆ ಆಗುವ ಪರಿಣಾಮ ಎಷ್ಟಿರಬಹುದೆಂಬುದನ್ನು ಊಹಿಸಲು ಬೇಕಾದ ಅನುಭವ ಅವರಲ್ಲಿ ಆಗಲೇ ಸಿದ್ಧವಾಗಿತ್ತು. ಪಾಲುದಾರರೊಂದಿಗಿನ ಭಿನ್ನಾಭಿಪ್ರಾಯದ ಕಾರಣ ಅವರು ಮುದ್ರಣಾಲಯದಿಂದ ಹೊರಬಂದರು. ಆಗ ಅವರಿಗೆ ನಲವತ್ತು ವರ್ಷ ವಯಸ್ಸು; ಕುಟುಂಬದ ಹೊಣೆಯಿತ್ತು, ಕೈಯಲ್ಲಿ ಉದ್ಯೋಗವಿರಲಿಲ್ಲ.

ಚಲನಚಿತ್ರದತ್ತ ಒಲವು

1910–11ರ ಅವಧಿಯಲ್ಲಿ ಮುಂಬಯಿಯ ಗಿರಗಾಂವ್‌ನ ಅಮೆರಿಕ ಇಂಡಿಯಾ ಪಿಕ್ಚರ್ ಪ್ಯಾಲೇಸ್‌ನಲ್ಲಿ ಫಾಲ್ಕೆ ಅವರು ಏಸು ಕ್ರಿಸ್ತನ ಜೀವನವನ್ನು ಕುರಿತ ವಿದೇಶಿ ಮೂಕಿ ಚಿತ್ರವೊಂದನ್ನು ವೀಕ್ಷಿಸಿದರು. ತೆರೆಯ ಮೇಲೆ ಕ್ರಿಸ್ತನು ನಡೆದಾಡುವುದನ್ನು ಕಂಡಾಗ, ರಾಮ ಮತ್ತು ಕೃಷ್ಣರನ್ನೂ ಅದೇ ರೀತಿ ತೋರಿಸಲು ಸಾಧ್ಯವೆಂಬ ಸಂಕಲ್ಪ ಅವರಲ್ಲಿ ದೃಢವಾಯಿತು. ಅಂದು ಭಾರತದ ಚಿತ್ರಮಂದಿರಗಳಲ್ಲಿ ಪ್ರದರ್ಶಿತವಾಗುತ್ತಿದ್ದ ಕಥಾಚಿತ್ರಗಳು ಬಹುತೇಕ ವಿದೇಶದಿಂದ ಆಮದಾದವುಗಳಾಗಿದ್ದವು. ಸ್ವದೇಶಿ ಚಳವಳಿಯ ಪ್ರಭಾವಕ್ಕೆ ಒಳಗಾಗಿದ್ದ ಫಾಲ್ಕೆ ಅವರು ಈ ಕ್ಷೇತ್ರದಲ್ಲಿಯೂ ದೇಶೀಯ ಉದ್ಯಮವೊಂದು ತಲೆಯೆತ್ತಬೇಕೆಂದು ನಿರ್ಧರಿಸಿದರು.

ಅನಂತರದ ತಿಂಗಳುಗಳಲ್ಲಿ ಅವರು ಲಭ್ಯವಿದ್ದ ಚಿತ್ರಗಳನ್ನೆಲ್ಲ ನಿರಂತರವಾಗಿ ವೀಕ್ಷಿಸಿ, ಮನೆಯಲ್ಲಿ ಪ್ರಯೋಗಗಳನ್ನು ನಡೆಸಿದರು. ಈ ಖರ್ಚಿಗಾಗಿ ಮನೆಯ ಸಾಮಾನುಗಳು ಒಂದೊಂದಾಗಿ ಮಾರಾಟವಾದವು. ವಿಶ್ರಾಂತಿಯಿಲ್ಲದ ಶ್ರಮದಿಂದ ಅವರು ತಾತ್ಕಾಲಿಕವಾಗಿ ದೃಷ್ಟಿ ಕಳೆದುಕೊಂಡರು. ವೈದ್ಯರ ಚಿಕಿತ್ಸೆಯಿಂದ ದೃಷ್ಟಿ ಮರಳಿ ಬಂದಿತು. ಸಂಕಲ್ಪ ಮಾತ್ರ ಬದಲಾಗಲಿಲ್ಲ.

ತಮ್ಮ ಜೀವವಿಮಾ ಪಾಲಿಸಿಗಳನ್ನು ಅಡಮಾನವಿಟ್ಟು ಹಣ ಹೊಂದಿಸಿಕೊಂಡು ಅವರು 1912ರ ಫೆಬ್ರವರಿ ತಿಂಗಳಲ್ಲಿ ಲಂಡನ್‌ಗೆ ಪ್ರಯಾಣ ಬೆಳೆಸಿದರು. ಅಲ್ಲಿ ಬಯೋಸ್ಕೋಪ್ ವಾರಪತ್ರಿಕೆಯ ಸಂಪಾದಕರಾದ ಕೇಬರ್ನ್ ಅವರನ್ನು ಭೇಟಿ ಮಾಡಿ, ಅವರ ಮೂಲಕ ಪ್ರಸಿದ್ಧ ನಿರ್ಮಾಪಕ ಸೆಸಿಲ್ ಹೆಪ್‌ವರ್ತ್ ಅವರ ಸ್ಟುಡಿಯೋದಲ್ಲಿ ಚಿತ್ರ ನಿರ್ಮಾಣದ ವಿಧಾನಗಳನ್ನು ಪ್ರತ್ಯಕ್ಷವಾಗಿ ಅರಿತುಕೊಂಡರು. ವಿಲಿಯಂಸನ್ ಕ್ಯಾಮೆರಾ, ಫಿಲ್ಮ್ ಸುರುಳಿಗೆ ರಂಧ್ರ ಮಾಡುವ ಯಂತ್ರ ಮತ್ತು ಕಚ್ಚಾ ಫಿಲ್ಮ್ ಖರೀದಿಗೆ ವ್ಯವಸ್ಥೆ ಮಾಡಿ, ಎರಡು ತಿಂಗಳೊಳಗೆ ಸ್ವದೇಶಕ್ಕೆ ಹಿಂದಿರುಗಿದರು.

ಬಂಡವಾಳ ಹೂಡುವವರ ವಿಶ್ವಾಸ ಗಳಿಸುವುದು ಮುಂದಿನ ಹಂತವಾಗಿತ್ತು. ಇದಕ್ಕಾಗಿ ಫಾಲ್ಕೆ ಅವರು ಕುಂಡವೊಂದರಲ್ಲಿ ಬಟಾಣಿ ಬೀಜ ಬಿತ್ತಿ, ಅದು ಮೊಳೆತು ಬಳ್ಳಿಯಾಗುವವರೆಗೆ ನಿಗದಿತ ಅಂತರದಲ್ಲಿ ಒಂದೊಂದೇ ಚಿತ್ರವನ್ನು ತೆಗೆದರು. ಅನೇಕ ದಿನಗಳ ಬೆಳವಣಿಗೆಯು ತೆರೆಯ ಮೇಲೆ ಕ್ಷಣಮಾತ್ರದಲ್ಲಿ ನಡೆದುಹೋಗುವ ಈ ಕಿರುಚಿತ್ರವು ನೋಡಿದವರನ್ನು ಬೆರಗುಗೊಳಿಸಿತು. ಇದನ್ನು ವೀಕ್ಷಿಸಿದ ಯಶವಂತರಾವ್ ನಾಡಕರ್ಣಿ ಅವರು ಸಾಲ ನೀಡಲು ಒಪ್ಪಿದರು. ಸರಸ್ವತೀಬಾಯಿಯವರ ಒಡವೆಗಳೂ ಒತ್ತೆಗೆ ಹೋದವು.

ರಾಜಾ ಹರಿಶ್ಚಂದ್ರ (1913)

ಪ್ರಥಮ ಚಿತ್ರಕ್ಕೆ ಸತ್ಯವಾಕ್ಯ ಪರಿಪಾಲನೆಗಾಗಿ ರಾಜ್ಯ, ಪತ್ನಿ, ಪುತ್ರರನ್ನು ಕಳೆದುಕೊಂಡ ಹರಿಶ್ಚಂದ್ರನ ಕಥೆಯನ್ನು ಆಯ್ಕೆ ಮಾಡಿಕೊಳ್ಳಲಾಯಿತು. ದೇಶದ ಎಲ್ಲ ಭಾಗದವರಿಗೂ ಪರಿಚಿತವಾದ ಕಥೆಯಾದುದರಿಂದ, ಮಾತಿಲ್ಲದೆಯೂ ಅದು ಅರ್ಥವಾಗುವಂತಿತ್ತು. ದಾದರ್‌ನ ಮಥುರಾದಾಸ್ ಭವನದಲ್ಲಿ ಸ್ಟುಡಿಯೋ ಸಿದ್ಧವಾಯಿತು. ಹರಿಶ್ಚಂದ್ರನ ಪಾತ್ರಕ್ಕೆ ದತ್ತಾತ್ರೇಯ ದಾಮೋದರ ದಾಬ್ಕೆ ಆಯ್ಕೆಯಾದರು. ಮಗ ರೋಹಿತಾಶ್ವನ ಪಾತ್ರವನ್ನು ಫಾಲ್ಕೆ ಅವರ ಪುತ್ರ ಭಾಲಚಂದ್ರ ನಿರ್ವಹಿಸಿದರು. ತ್ರ್ಯಂಬಕ ತೇಲಂಗ್ ಅವರು ಛಾಯಾಗ್ರಹಣದ ಹೊಣೆ ಹೊತ್ತರು.

ತಾರಾಮತಿಯ ಪಾತ್ರಕ್ಕೆ ಸ್ತ್ರೀಯರು ದೊರೆಯದಿದ್ದುದು ದೊಡ್ಡ ಸಮಸ್ಯೆಯಾಯಿತು. ಪತ್ರಿಕೆಗಳಲ್ಲಿ ಜಾಹೀರಾತು ನೀಡಿದರೂ ಪ್ರಯೋಜನವಾಗಲಿಲ್ಲ. ಅಂದಿನ ಸಮಾಜದಲ್ಲಿ ಚಲನಚಿತ್ರದಲ್ಲಿ ಅಭಿನಯಿಸುವುದನ್ನು ಮರ್ಯಾದಸ್ಥ ವೃತ್ತಿಯೆಂದು ಯಾರೂ ಪರಿಗಣಿಸುತ್ತಿರಲಿಲ್ಲ. ಕೊನೆಗೆ ಗ್ರಾಂಟ್ ರೋಡ್ ಪ್ರದೇಶದ ಉಪಾಹಾರಗೃಹವೊಂದರಲ್ಲಿ ಮಾಸಿಕ 10 ರೂಪಾಯಿ ಸಂಬಳಕ್ಕೆ ಅಡುಗೆ ಕೆಲಸ ಮಾಡುತ್ತಿದ್ದ ಅಣ್ಣಾ ಸಾಳುಂಕೆ ಎಂಬ ಯುವಕನನ್ನು 15 ರೂಪಾಯಿ ಸಂಬಳಕ್ಕೆ ಒಪ್ಪಿಸಿ ಆ ಪಾತ್ರವನ್ನು ನೀಡಲಾಯಿತು. ಕಲಾವಿದರು ತಾವು ಚಲನಚಿತ್ರದಲ್ಲಿ ದುಡಿಯುತ್ತಿರುವುದನ್ನು ಬಹಿರಂಗವಾಗಿ ಹೇಳಿಕೊಳ್ಳಲು ಹಿಂಜರಿದಾಗ, ಹರಿಶ್ಚಂದ್ರ ಎಂಬುವವರ ಕಾರ್ಖಾನೆಯಲ್ಲಿ ಉದ್ಯೋಗದಲ್ಲಿರುವುದಾಗಿ ತಿಳಿಸುವಂತೆ ಫಾಲ್ಕೆ ಅವರು ಸಲಹೆ ನೀಡಿದ್ದರು.

ಹೊರಾಂಗಣ ಚಿತ್ರೀಕರಣಕ್ಕಾಗಿ ತಂಡವು ವಾಂಗಣಿ ಎಂಬ ಗ್ರಾಮಕ್ಕೆ ತೆರಳಿದಾಗ, ಕತ್ತಿ ಗುರಾಣಿ ಹಿಡಿದ ವೇಷಧಾರಿಗಳನ್ನು ಕಂಡ ಗ್ರಾಮಸ್ಥರು ಡಕಾಯಿತರೆಂದು ಭಾವಿಸಿ ಅಧಿಕಾರಿಗಳಿಗೆ ದೂರು ನೀಡಿದ ಪ್ರಸಂಗವೂ ನಡೆಯಿತು. ಕ್ಯಾಮೆರಾ ತೋರಿಸಿ ಕಾರ್ಯವನ್ನು ವಿವರಿಸಿದ ಮೇಲೆ ಅವರಿಗೆ ಬಿಡುಗಡೆ ದೊರೆಯಿತು.

ಈ ನಿರ್ಮಾಣದಲ್ಲಿ ಸರಸ್ವತೀಬಾಯಿಯವರ ಪಾತ್ರ ವಿಶೇಷವಾಗಿ ಉಲ್ಲೇಖನೀಯ. ಸುಮಾರು 60ರಿಂದ 70 ಜನರ ತಂಡಕ್ಕೆ ಅಡುಗೆ ಮಾಡುವುದು, ಬಿಸಿಲಿನಲ್ಲಿ ಬೆಳಕನ್ನು ಪ್ರತಿಫಲಿಸಲು ಬಿಳಿಯ ಬಟ್ಟೆಗಳನ್ನು ಹಿಡಿದು ನಿಲ್ಲುವುದು, ರಾತ್ರಿಯ ವೇಳೆ ಕತ್ತಲೆ ಕೋಣೆಯಲ್ಲಿ ಫಿಲ್ಮ್ ಸುರುಳಿಗೆ ರಂಧ್ರ ಮಾಡುವುದು, ರಾಸಾಯನಿಕಗಳನ್ನು ಬೆರೆಸಿ ಫಿಲ್ಮ್ ಸಂಸ್ಕರಿಸುವುದು ಇವೆಲ್ಲವನ್ನೂ ಅವರು ನಿರ್ವಹಿಸಿದರು. ತಾರಾಮತಿಯ ಪಾತ್ರವನ್ನು ತಾವೇ ವಹಿಸುವಂತೆ ಪತಿ ಕೇಳಿಕೊಂಡಾಗ, ಈ ಎಲ್ಲ ಕಾರ್ಯಗಳ ಹೊರೆಯಿರುವ ಕಾರಣದಿಂದ ಅವರು ನಿರಾಕರಿಸಿದರು. ಭಾರತದ ಚಲನಚಿತ್ರ ತಂತ್ರಜ್ಞರ ಪೈಕಿ ಪ್ರಥಮ ಮಹಿಳೆ ಎಂಬ ಗೌರವಕ್ಕೆ ಅವರು ಪಾತ್ರರಾಗಿದ್ದಾರೆ.

ಆರು ತಿಂಗಳು ಇಪ್ಪತ್ತೇಳು ದಿನಗಳಲ್ಲಿ ಪೂರ್ಣಗೊಂಡ, ನಾಲ್ಕು ರೀಲುಗಳ, 3,700 ಅಡಿ ಉದ್ದದ ಈ ಚಿತ್ರವು ದಿನಾಂಕ 21 ಏಪ್ರಿಲ್ 1913ರಂದು ಮುಂಬಯಿಯ ಒಲಿಂಪಿಯಾ ಚಿತ್ರಮಂದಿರದಲ್ಲಿ ಆಹ್ವಾನಿತರಿಗಾಗಿ ಪ್ರದರ್ಶಿತವಾಯಿತು. ದಿನಾಂಕ 3 ಮೇ 1913ರಂದು ಕೊರೊನೇಷನ್ ಚಿತ್ರಮಂದಿರದಲ್ಲಿ ಸಾರ್ವಜನಿಕ ಪ್ರದರ್ಶನ ಆರಂಭವಾಯಿತು. ಚಿತ್ರದ ಜೊತೆಗೆ ನೃತ್ಯ, ಹಾಸ್ಯ ಮತ್ತು ಕಸರತ್ತಿನ ಕಾರ್ಯಕ್ರಮಗಳನ್ನೂ ಏರ್ಪಡಿಸಲಾಗಿತ್ತು. ಜನರ ಬೇಡಿಕೆಯ ಮೇರೆಗೆ ಪ್ರದರ್ಶನದ ಅವಧಿಯನ್ನು ವಿಸ್ತರಿಸಲಾಯಿತು.

ಸೂರತ್ ನಗರದಲ್ಲಿ ಪ್ರೇಕ್ಷಕರ ಸಂಖ್ಯೆ ಕಡಿಮೆಯಾದಾಗ ಫಾಲ್ಕೆ ಅವರು ಅನುಸರಿಸಿದ ಪ್ರಚಾರ ವಿಧಾನ ಗಮನಾರ್ಹ. ಅದೇ ಹಣಕ್ಕೆ ಗಂಟೆಗಟ್ಟಲೆ ನಾಟಕ ನೋಡುವ ಅಭ್ಯಾಸವಿದ್ದ ಜನರಿಗೆ ಅಲ್ಪಾವಧಿಯ ಚಿತ್ರ ದುಬಾರಿಯೆನಿಸಿತ್ತು. ಕೇವಲ ಮೂರಾಣೆಗೆ 57,000 ಛಾಯಾಚಿತ್ರಗಳನ್ನು, ಎರಡು ಮೈಲಿ ಉದ್ದದ ಚಿತ್ರವನ್ನು ನೋಡಬಹುದೆಂದು ಅವರು ಜಾಹೀರಾತು ನೀಡಿದರು. ಫಿಲ್ಮ್ ಸುರುಳಿಯ ಪ್ರತಿ ಅಡಿಯಲ್ಲಿ 16 ಚಿತ್ರಗಳಿರುವುದರಿಂದ 57,000 ಎಂಬ ಸಂಖ್ಯೆ ಬಹುತೇಕ ಸರಿಯಾಗಿಯೇ ಇದೆ. ಎರಡು ಮೈಲಿ ಎಂಬುದು ಮಾತ್ರ ಪ್ರಚಾರದ ಅತಿಶಯೋಕ್ತಿಯಾಗಿದ್ದು, ವಾಸ್ತವ ಉದ್ದ ಮುಕ್ಕಾಲು ಮೈಲಿಗೂ ಕಡಿಮೆಯಿತ್ತು. ಆದರೂ ಜಾಹೀರಾತಿನ ಉದ್ದೇಶ ಈಡೇರಿತು.

ಇದಕ್ಕೂ ಒಂದು ವರ್ಷ ಮುನ್ನ, ಅಂದರೆ 18 ಮೇ 1912ರಂದು, ದಾದಾಸಾಹೇಬ್ ತೋರ್ಣೆ ಅವರ ಶ್ರೀ ಪುಂಡಲೀಕ ಎಂಬ ಚಿತ್ರವು ಇದೇ ಕೊರೊನೇಷನ್ ಚಿತ್ರಮಂದಿರದಲ್ಲಿ ಪ್ರದರ್ಶಿತವಾಗಿತ್ತು. ಅದು ರಂಗದ ಮೇಲಿನ ನಾಟಕದ ಚಿತ್ರೀಕರಣವಾಗಿದ್ದು, ಅದರ ಸಂಸ್ಕರಣೆ ಲಂಡನ್‌ನಲ್ಲಿ ನಡೆದಿತ್ತು. ಈ ಕಾರಣಗಳಿಂದ ರಾಜಾ ಹರಿಶ್ಚಂದ್ರ ಚಿತ್ರವನ್ನೇ ಭಾರತದ ಪ್ರಥಮ ಪೂರ್ಣ ಪ್ರಮಾಣದ ಕಥಾಚಿತ್ರವೆಂದು ಸಾಮಾನ್ಯವಾಗಿ ಪರಿಗಣಿಸಲಾಗಿದೆ.

ನಾಸಿಕ್‌ನಲ್ಲಿ ಚಿತ್ರ ನಿರ್ಮಾಣ

1913ರಲ್ಲಿಯೇ ಫಾಲ್ಕೆ ಅವರು ತಮ್ಮ ನಿರ್ಮಾಣ ಕಾರ್ಯವನ್ನು ನಾಸಿಕ್‌ಗೆ ಸ್ಥಳಾಂತರಿಸಿದರು. ಗೋದಾವರಿ ನದಿ, ದೇವಾಲಯಗಳು, ಘಟ್ಟಗಳು ಹಾಗೂ ಕಾಡು ಪೌರಾಣಿಕ ಕಥೆಗಳ ಚಿತ್ರೀಕರಣಕ್ಕೆ ಸೂಕ್ತವಾಗಿದ್ದವು. ಎರಡನೆಯ ಚಿತ್ರವಾದ ಮೋಹಿನಿ ಭಸ್ಮಾಸುರದಲ್ಲಿ ದುರ್ಗಾಬಾಯಿ ಕಾಮತ್ ಅವರು ಪಾರ್ವತಿಯಾಗಿ, ಅವರ ಪುತ್ರಿ ಕಮಲಾಬಾಯಿ ಮೋಹಿನಿಯಾಗಿ ಅಭಿನಯಿಸಿದರು. ಭಾರತೀಯ ಕಥಾಚಿತ್ರದಲ್ಲಿ ಅಭಿನಯಿಸಿದ ಪ್ರಥಮ ಮಹಿಳೆಯರೆಂಬ ಕೀರ್ತಿ ಈ ತಾಯಿ ಮಗಳಿಗೆ ಸಲ್ಲುತ್ತದೆ. 1914ರಲ್ಲಿ ಸತ್ಯವಾನ್ ಸಾವಿತ್ರಿ ಚಿತ್ರ ತೆರೆಕಂಡಿತು.

ಅದೇ ವರ್ಷ ಫಾಲ್ಕೆ ಅವರು ಮೂರೂ ಚಿತ್ರಗಳೊಂದಿಗೆ ಲಂಡನ್‌ಗೆ ತೆರಳಿ ಅಲ್ಲಿ ಪ್ರದರ್ಶನ ನೀಡಿದರು. ತಾಂತ್ರಿಕ ಗುಣಮಟ್ಟಕ್ಕೆ ಪ್ರಶಂಸೆ ದೊರೆಯಿತು. ಅಲ್ಲಿಯೇ ನೆಲೆಸಿ ಚಿತ್ರ ನಿರ್ಮಿಸುವಂತೆ ಆಹ್ವಾನವೂ ಬಂದಿತು. ನಾಸಿಕ್‌ನಲ್ಲಿ ತಮ್ಮನ್ನು ನಂಬಿದ ಸಿಬ್ಬಂದಿ ಮತ್ತು ಆಗತಾನೇ ಕಣ್ತೆರೆದ ಉದ್ಯಮವನ್ನು ಕೈಬಿಡಲು ಇಚ್ಛಿಸದೆ ಅವರು ಆ ಆಹ್ವಾನವನ್ನು ನಿರಾಕರಿಸಿದರು. ಅಷ್ಟರಲ್ಲಿ ಪ್ರಥಮ ಮಹಾಯುದ್ಧ ಆರಂಭವಾಗಿ ಕಚ್ಚಾ ಫಿಲ್ಮ್ ಪೂರೈಕೆ ಕುಂಠಿತವಾಯಿತು. ಸಾಲ ನೀಡಿದವರೂ ಹಿಂದೆ ಸರಿದರು. ಈ ಸಂಕಷ್ಟದ ವರ್ಷಗಳಲ್ಲಿ ಬೆಂಕಿಕಡ್ಡಿಗಳು ತಾವಾಗಿಯೇ ಚಲಿಸಿ ಆಕೃತಿಗಳಾಗುವಂತಹ ಸಣ್ಣ ಪ್ರಯೋಗ ಚಿತ್ರಗಳನ್ನು ಅವರು ಕಡಿಮೆ ಖರ್ಚಿನಲ್ಲಿ ತಯಾರಿಸಿದರು. ಇವು ಭಾರತದಲ್ಲಿ ಆನಿಮೇಷನ್ ತಂತ್ರದ ಮೊದಲ ಹೆಜ್ಜೆಗಳಾಗಿವೆ.

ಲಂಕಾ ದಹನ ಮತ್ತು ಕಾಳಿಯ ಮರ್ದನ

1917ರಲ್ಲಿ ಬಿಡುಗಡೆಯಾದ ಲಂಕಾ ದಹನ ಚಿತ್ರವು ಅಭೂತಪೂರ್ವ ಯಶಸ್ಸನ್ನು ಗಳಿಸಿತು. ಈ ಚಿತ್ರದಲ್ಲಿ ಅಣ್ಣಾ ಸಾಳುಂಕೆ ಅವರು ರಾಮ ಮತ್ತು ಸೀತೆಯ ಪಾತ್ರಗಳೆರಡನ್ನೂ ನಿರ್ವಹಿಸಿದ್ದು ವಿಶೇಷ. ಹನುಮಂತನ ಪಾತ್ರದಲ್ಲಿ ಗಣಪತ್ ಶಿಂದೆ ಅಭಿನಯಿಸಿದ್ದರು. ಹನುಮಂತನು ಆಕಾಶಕ್ಕೆ ನೆಗೆದು ದೂರ ಸಾಗಿದಂತೆ ಚಿಕ್ಕದಾಗಿ ಕಾಣುವ ದೃಶ್ಯ ಹಾಗೂ ಲಂಕೆಯು ಹೊತ್ತಿ ಉರಿಯುವ ದೃಶ್ಯ ಪ್ರೇಕ್ಷಕರನ್ನು ಮಂತ್ರಮುಗ್ಧಗೊಳಿಸಿದವು. ಶ್ರೀರಾಮನು ತೆರೆಯ ಮೇಲೆ ಕಾಣಿಸಿಕೊಂಡಾಗ ಜನರು ಪಾದರಕ್ಷೆ ಕಳಚಿ ಕೈಮುಗಿಯುತ್ತಿದ್ದರು. ಬೆಳಿಗ್ಗೆಯಿಂದ ನಡುರಾತ್ರಿಯವರೆಗೆ ಪ್ರದರ್ಶನಗಳು ನಡೆದವು. ಮುಂಬಯಿಯಲ್ಲಿ ಮೊದಲ ಹತ್ತು ದಿನಗಳಲ್ಲಿ 32,000 ರೂಪಾಯಿ ಸಂಗ್ರಹವಾಯಿತೆಂದೂ, ಮದರಾಸಿನಲ್ಲಿ ಟಿಕೆಟ್ ಹಣದ ನಾಣ್ಯಗಳನ್ನು ಪೊಲೀಸ್ ಕಾವಲಿನಲ್ಲಿ ಎತ್ತಿನ ಗಾಡಿಯಲ್ಲಿ ಸಾಗಿಸಬೇಕಾಯಿತೆಂದೂ ಹೇಳಲಾಗುತ್ತದೆ.

ದಿನಾಂಕ 1 ಜನವರಿ 1918ರಂದು ಮುಂಬಯಿಯ ಕೆಲವು ಉದ್ಯಮಿಗಳ ಪಾಲುದಾರಿಕೆಯಲ್ಲಿ ಹಿಂದೂಸ್ತಾನ್ ಸಿನಿಮಾ ಫಿಲ್ಮ್ಸ್ ಕಂಪನಿ ಸ್ಥಾಪನೆಯಾಯಿತು. ಈ ಕಂಪನಿಯ ಮೂಲಕ ಶ್ರೀಕೃಷ್ಣ ಜನ್ಮ (1918) ಮತ್ತು ಕಾಳಿಯ ಮರ್ದನ (1919) ಚಿತ್ರಗಳು ಹೊರಬಂದವು. ಎರಡರಲ್ಲಿಯೂ ಬಾಲಕೃಷ್ಣನ ಪಾತ್ರವನ್ನು ಫಾಲ್ಕೆ ಅವರ ಎಳೆಯ ಮಗಳು ಮಂದಾಕಿನಿ ನಿರ್ವಹಿಸಿದಳು. ಕಾಳಿಯ ಮರ್ದನದ ಆರಂಭದಲ್ಲಿ ಆ ಬಾಲಕಿಯ ಮುಖದ ಮೇಲೆ ವಿವಿಧ ಭಾವಗಳು ಒಂದಾದ ಮೇಲೊಂದರಂತೆ ಮೂಡುವುದನ್ನು ಸಮೀಪದಿಂದ ತೋರಿಸಲಾಗಿದ್ದು, ಈ ಭಾಗವು ಇಂದಿಗೂ ಉಳಿದುಬಂದಿದೆ.

ಚಮತ್ಕಾರ ದೃಶ್ಯಗಳ ತಂತ್ರ

ಇಂದು ಗಣಕಯಂತ್ರದ ನೆರವಿನಿಂದ ಸಾಧಿಸುವ ಚಮತ್ಕಾರಗಳನ್ನು ಫಾಲ್ಕೆ ಅವರು ಕೈಯಿಂದ ತಿರುಗಿಸುವ ಒಂದೇ ಕ್ಯಾಮೆರಾದ ಮೂಲಕ ಸಾಧಿಸಿದರು. ಅವರು ಮತ್ತು ಅವರ ಕಾಲದವರು ಬಳಸಿದ ಮುಖ್ಯ ವಿಧಾನಗಳು ಈ ಕೆಳಕಂಡಂತಿವೆ:

1. ಕ್ಯಾಮೆರಾ ನಿಲ್ಲಿಸಿ ಬದಲಾಯಿಸುವುದು: ಚಿತ್ರೀಕರಣವನ್ನು ಮಧ್ಯದಲ್ಲಿ ನಿಲ್ಲಿಸಿ, ಪಾತ್ರಧಾರಿ ಅಥವಾ ವಸ್ತುವನ್ನು ತೆಗೆದು ಇಲ್ಲವೇ ಸೇರಿಸಿ ಮುಂದುವರಿಸಿದಾಗ, ತೆರೆಯ ಮೇಲೆ ಅದು ಹಠಾತ್ತನೆ ಮಾಯವಾದಂತೆ ಅಥವಾ ಪ್ರತ್ಯಕ್ಷವಾದಂತೆ ಕಾಣುತ್ತದೆ. ದೇವತೆಗಳು ಪ್ರತ್ಯಕ್ಷರಾಗುವ ದೃಶ್ಯಗಳಿಗೆ ಈ ವಿಧಾನ ಅನುಕೂಲಕರವಾಗಿತ್ತು.

2. ಒಂದೇ ಫಿಲ್ಮಿನ ಮೇಲೆ ಎರಡು ಬಾರಿ ಚಿತ್ರೀಕರಣ: ಒಮ್ಮೆ ಬಳಸಿದ ಫಿಲ್ಮನ್ನು ಹಿಂದಕ್ಕೆ ಸುತ್ತಿ, ಕಪ್ಪು ಹಿನ್ನೆಲೆಯ ಮುಂದೆ ಮತ್ತೆ ಚಿತ್ರೀಕರಿಸಿದಾಗ ಎರಡು ದೃಶ್ಯಗಳು ಒಂದರಲ್ಲೊಂದು ಬೆರೆಯುತ್ತವೆ. ಶ್ರೀಕೃಷ್ಣ ಜನ್ಮ ಚಿತ್ರದಲ್ಲಿ ಭಯಗ್ರಸ್ತ ಕಂಸನಿಗೆ ಸುತ್ತಲೂ ಅನೇಕ ಕೃಷ್ಣರು ಕಾಣಿಸುವುದು ಹಾಗೂ ಅವನ ತಲೆಯು ಮುಂಡದಿಂದ ಬೇರ್ಪಟ್ಟು ಮೇಲೇರಿ ಪುನಃ ಸ್ವಸ್ಥಾನಕ್ಕೆ ಬರುವುದು ಇಂತಹ ತಂತ್ರಕ್ಕೆ ಉತ್ತಮ ನಿದರ್ಶನಗಳು.

3. ಕಿರು ಮಾದರಿಗಳು: ಅರಮನೆ, ಕೋಟೆ, ನಗರಗಳ ಸಣ್ಣ ಮಾದರಿಗಳನ್ನು ತಯಾರಿಸಿ ಸಮೀಪದಿಂದ ಚಿತ್ರೀಕರಿಸಿದಾಗ ಅವು ನಿಜವಾದ ಗಾತ್ರದಲ್ಲಿರುವಂತೆ ತೋರುತ್ತವೆ.

4. ಒಂದೊಂದೇ ಚಿತ್ರ ತೆಗೆಯುವುದು: ನಿರ್ಜೀವ ವಸ್ತುವನ್ನು ಪ್ರತಿ ಬಾರಿ ಸ್ವಲ್ಪ ಸರಿಸಿ ಒಂದೊಂದೇ ಚಿತ್ರ ತೆಗೆದಾಗ ಅದು ಸ್ವತಃ ಚಲಿಸಿದಂತೆ ಭಾಸವಾಗುತ್ತದೆ.

ಈ ವಿಧಾನಗಳಲ್ಲಿ ಲೆಕ್ಕವು ಸ್ವಲ್ಪ ತಪ್ಪಿದರೂ ಇಡೀ ದೃಶ್ಯ ವ್ಯರ್ಥವಾಗುತ್ತಿತ್ತು. ಫಿಲ್ಮ್ ಸಂಸ್ಕರಿಸುವವರೆಗೆ ಫಲಿತಾಂಶ ತಿಳಿಯುವ ಸಾಧ್ಯತೆಯೂ ಇರಲಿಲ್ಲ. ಚಿತ್ರ ನಿರ್ಮಾಣದ ಕ್ರಮವನ್ನು ಜನರಿಗೆ ತಿಳಿಸುವ ಉದ್ದೇಶದಿಂದ ಫಾಲ್ಕೆ ಅವರು 1917ರ ಸುಮಾರಿನಲ್ಲಿ ಕಿರುಚಿತ್ರವೊಂದನ್ನು ತಯಾರಿಸಿದರು. ಅದರಲ್ಲಿ ಅವರೇ ನಿರ್ದೇಶಿಸುತ್ತಿರುವ ಮತ್ತು ಫಿಲ್ಮ್ ಪರಿಶೀಲಿಸುತ್ತಿರುವ ದೃಶ್ಯಗಳಿವೆ.

ಪಾಲುದಾರಿಕೆಯಲ್ಲಿ ಭಿನ್ನಾಭಿಪ್ರಾಯ

ಕಂಪನಿಯು ಲಾಭದಲ್ಲಿದ್ದರೂ ಫಾಲ್ಕೆ ಮತ್ತು ಪಾಲುದಾರರ ನಡುವೆ ಹೊಂದಾಣಿಕೆ ಉಳಿಯಲಿಲ್ಲ. ನಿಗದಿತ ವೆಚ್ಚದಲ್ಲಿ, ನಿಗದಿತ ಕಾಲಮಿತಿಯಲ್ಲಿ ಚಿತ್ರಗಳು ಸಿದ್ಧವಾಗಬೇಕೆಂಬುದು ಹಣ ಹೂಡಿದವರ ಅಪೇಕ್ಷೆಯಾಗಿತ್ತು. ದೃಶ್ಯವು ಮನಸ್ಸಿಗೆ ಒಪ್ಪಿಗೆಯಾಗುವವರೆಗೆ ಮತ್ತೆ ಮತ್ತೆ ಚಿತ್ರೀಕರಿಸುವುದು ಫಾಲ್ಕೆ ಅವರ ಪದ್ಧತಿಯಾಗಿತ್ತು. ಎರಡೂ ಪಕ್ಷಗಳ ವಾದದಲ್ಲಿ ನ್ಯಾಯವಿದ್ದರೂ ಮಧ್ಯದ ಮಾರ್ಗ ಕಂಡುಬರಲಿಲ್ಲ. ಫಾಲ್ಕೆ ಅವರು ಕಂಪನಿಯನ್ನು ತೊರೆದು ಕುಟುಂಬ ಸಮೇತ ಕಾಶಿಗೆ ತೆರಳಿದರು. ಅಲ್ಲಿ ರಂಗಭೂಮಿ ಎಂಬ ಮರಾಠಿ ನಾಟಕವನ್ನು ರಚಿಸಿದರು. ನಾಟಕವು ನಿರೀಕ್ಷಿತ ಆದಾಯ ತರಲಿಲ್ಲ. ಕೆಲವು ವರ್ಷಗಳ ನಂತರ ಅವರು ಅದೇ ಕಂಪನಿಗೆ ಮರಳಿ, ಅನೇಕ ಚಿತ್ರಗಳನ್ನು ನಿರ್ದೇಶಿಸಿದರೂ ಹಿಂದಿನ ಸ್ಥಾನಮಾನ ಮತ್ತು ಸ್ವಾತಂತ್ರ್ಯ ದೊರೆಯಲಿಲ್ಲ.

1927–28ರಲ್ಲಿ ಸರ್ಕಾರವು ಟಿ. ರಂಗಾಚಾರಿಯರ್ ಅವರ ಅಧ್ಯಕ್ಷತೆಯಲ್ಲಿ ರಚಿಸಿದ್ದ ಭಾರತೀಯ ಸಿನಿಮಾಟೋಗ್ರಾಫ್ ಸಮಿತಿಯ ಮುಂದೆ ಫಾಲ್ಕೆ ಅವರು ಸಾಕ್ಷ್ಯ ನುಡಿದು, ಉದ್ಯಮದ ಸ್ಥಿತಿಗತಿಗಳನ್ನು ಕುರಿತು ತಮ್ಮ ಅಭಿಪ್ರಾಯ ಸಲ್ಲಿಸಿದರು.

ಅದ್ಭುತರಮ್ಯ ಚಿತ್ರಗಳ ಪರಂಪರೆ

ಫಾಲ್ಕೆ ಅವರು ತೋರಿದ ಮಾರ್ಗದಲ್ಲಿ 1920ರ ದಶಕದಲ್ಲಿ ಇತರ ಸಂಸ್ಥೆಗಳೂ ಮುನ್ನಡೆದವು. ಕೊಲ್ಹಾಪುರದಲ್ಲಿ ಬಾಬುರಾವ್ ಪೇಂಟರ್ ಅವರ ಮಹಾರಾಷ್ಟ್ರ ಫಿಲ್ಮ್ ಕಂಪನಿಯು ಸೈರಂಧ್ರಿ (1920) ಮುಂತಾದ ಚಿತ್ರಗಳನ್ನು ನಿರ್ಮಿಸಿತು. ಪುರಾಣಗಳ ಜೊತೆಗೆ ಅರಬ್ಬೀ ಮತ್ತು ಪಾರಸೀ ಮೂಲದ ಕಿನ್ನರ ಕಥೆಗಳೂ ತೆರೆಗೆ ಬಂದವು. ಕನ್ನಡಿಗರಿಗೂ ಸುಪರಿಚಿತವಾದ ಗುಲೇಬಕಾವಲಿ ಹೂವಿನ ಕಥೆಯನ್ನು 1924ರಲ್ಲಿ ಮುಂಬಯಿಯ ಕೊಹಿನೂರ್ ಕಂಪನಿಗಾಗಿ ಕಾಂಜಿಭಾಯಿ ರಾಠೋಡ್ ಅವರು ಚಿತ್ರವಾಗಿಸಿದರು. 1926ರಲ್ಲಿ ಫಾತ್ಮಾ ಬೇಗಂ ಅವರು ಬುಲ್‌ಬುಲ್-ಎ-ಪರಿಸ್ತಾನ್ ಎಂಬ ಅದ್ಭುತರಮ್ಯ ಚಿತ್ರವನ್ನು ನಿರ್ದೇಶಿಸಿ ಭಾರತದ ಪ್ರಥಮ ಮಹಿಳಾ ನಿರ್ದೇಶಕಿ ಎನಿಸಿದರು. ಆ ಚಿತ್ರದ ಯಾವುದೇ ಪ್ರತಿ ಉಳಿದಿಲ್ಲ.

ಆದರೆ ಪ್ರೇಕ್ಷಕರ ಅಭಿರುಚಿಯೂ ಬದಲಾಗುತ್ತಿತ್ತು. ಸಾಮಾಜಿಕ ಕಥೆಗಳು, ಸಾಹಸ ಚಿತ್ರಗಳು ಹಾಗೂ ಜನಪ್ರಿಯ ತಾರೆಯರ ಚಿತ್ರಗಳ ಮುಂದೆ ಫಾಲ್ಕೆ ಅವರ ಶೈಲಿ ಹಳೆಯದೆನಿಸತೊಡಗಿತು. ದಿನಾಂಕ 14 ಮಾರ್ಚ್ 1931ರಂದು ಆಲಂ ಆರಾ ಬಿಡುಗಡೆಯಾಗಿ ವಾಕ್ಚಿತ್ರಗಳ ಯುಗ ಆರಂಭವಾಯಿತು. ಫಾಲ್ಕೆ ಅವರು ಮೂಕಿ ಚಿತ್ರವಾಗಿ ತಯಾರಿಸಿದ್ದ ಸೇತುಬಂಧನಕ್ಕೆ ಅನಂತರ ಧ್ವನಿ ಜೋಡಿಸಬೇಕಾಯಿತು. ಹಿಂದೂಸ್ತಾನ್ ಕಂಪನಿಯೂ 1930ರ ದಶಕದ ಆರಂಭದಲ್ಲಿ ಮುಚ್ಚಿಹೋಯಿತು.

ಅಂತಿಮ ದಿನಗಳು

ಕೊಲ್ಹಾಪುರದ ಮಹಾರಾಜರ ಆಹ್ವಾನದ ಮೇರೆಗೆ ಫಾಲ್ಕೆ ಅವರು ಕೊಲ್ಹಾಪುರ ಸಿನಿಟೋನ್ ಸಂಸ್ಥೆಗಾಗಿ ಗಂಗಾವತರಣ ಎಂಬ ವಾಕ್ಚಿತ್ರವನ್ನು ನಿರ್ದೇಶಿಸಿದರು. 1937ರಲ್ಲಿ ಬಿಡುಗಡೆಯಾದ ಇದು ಅವರ ಕೊನೆಯ ಚಿತ್ರ. ಆಗ ಅವರಿಗೆ 67 ವರ್ಷ ವಯಸ್ಸಾಗಿತ್ತು. ಅನಂತರ ನಾಸಿಕ್‌ನಲ್ಲಿ ಅಜ್ಞಾತರಂತೆ, ಸೀಮಿತ ಆದಾಯದಲ್ಲಿ ಜೀವನ ಸಾಗಿಸಿದರು. 1939ರಲ್ಲಿ ಭಾರತೀಯ ಚಲನಚಿತ್ರರಂಗದ ರಜತ ಮಹೋತ್ಸವ ಮುಂಬಯಿಯಲ್ಲಿ ಜರುಗಿದಾಗ, ನಿರ್ದೇಶಕ ವಿ. ಶಾಂತಾರಾಂ ಮುಂತಾದವರ ಪ್ರಯತ್ನದಿಂದ ಅವರಿಗೆ ನಿಧಿ ಸಮರ್ಪಿಸಲಾಯಿತು. ಆ ಹಣದ ನೆರವಿನಿಂದ ನಾಸಿಕ್‌ನಲ್ಲಿ ಅವರಿಗೊಂದು ಮನೆಯಾಯಿತು.

ಎರಡನೆಯ ಮಹಾಯುದ್ಧದ ಅವಧಿಯಲ್ಲಿ ಕಚ್ಚಾ ಫಿಲ್ಮ್ ಅಭಾವದ ಕಾರಣ ಚಿತ್ರ ನಿರ್ಮಾಣಕ್ಕೆ ಸರ್ಕಾರದ ಪರವಾನಗಿ ಕಡ್ಡಾಯವಾಗಿತ್ತು. ಇನ್ನೊಂದು ಚಿತ್ರ ನಿರ್ಮಿಸುವ ಹಂಬಲದಿಂದ ಫಾಲ್ಕೆ ಅವರು 1944ರ ಆರಂಭದಲ್ಲಿ ಪರವಾನಗಿ ಕೋರಿ ಅರ್ಜಿ ಸಲ್ಲಿಸಿದರೆಂದೂ, ಅರ್ಜಿ ತಿರಸ್ಕೃತವಾದ ಪತ್ರವು ಅವರ ನಿಧನಕ್ಕೆ ಎರಡು ದಿನ ಮುನ್ನ ಕೈಸೇರಿತೆಂದೂ ಅವರ ಜೀವನ ವೃತ್ತಾಂತಗಳು ತಿಳಿಸುತ್ತವೆ. ದೇಶದಲ್ಲಿ ಚಲನಚಿತ್ರ ಉದ್ಯಮವನ್ನೇ ಆರಂಭಿಸಿದ ವ್ಯಕ್ತಿಯ ಕೊನೆಯ ಅರ್ಜಿ ಅದಾಗಿತ್ತು. ದಿನಾಂಕ 16 ಫೆಬ್ರವರಿ 1944ರಂದು ಫಾಲ್ಕೆ ಅವರು ನಾಸಿಕ್‌ನಲ್ಲಿ ನಿಧನರಾದರು. ಸುಮಾರು 95 ಕಥಾಚಿತ್ರಗಳು ಮತ್ತು 25ಕ್ಕೂ ಹೆಚ್ಚು ಕಿರುಚಿತ್ರಗಳು ಅವರ ಹೆಸರಿನಲ್ಲಿ ದಾಖಲಾಗಿವೆ.

ಉಳಿದುಬಂದ ಚಿತ್ರಗಳು

ಮೂಕಿ ಕಾಲದ ಫಿಲ್ಮ್‌ಗಳು ಬೇಗನೆ ಬೆಂಕಿ ಹತ್ತಿಕೊಳ್ಳುವ ಹಾಗೂ ಕಾಲಕ್ರಮೇಣ ಪುಡಿಯಾಗುವ ನೈಟ್ರೇಟ್ ವಸ್ತುವಿನಿಂದ ತಯಾರಾಗುತ್ತಿದ್ದವು. ಅದರಲ್ಲಿರುವ ಬೆಳ್ಳಿಯ ಅಂಶಕ್ಕಾಗಿಯೂ ಹಳೆಯ ಸುರುಳಿಗಳನ್ನು ನಾಶಪಡಿಸಲಾಗುತ್ತಿತ್ತು. ಪರಿಣಾಮವಾಗಿ ಭಾರತದಲ್ಲಿ ತಯಾರಾದ ಸುಮಾರು 1,300 ಮೂಕಿ ಚಿತ್ರಗಳ ಪೈಕಿ ಉಳಿದಿರುವುದು ಬೆರಳೆಣಿಕೆಯಷ್ಟು ಮಾತ್ರ. 1964ರಲ್ಲಿ ಪುಣೆಯಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ಶ್ರೀ ಪಿ.ಕೆ. ನಾಯರ್ ಅವರು ಫಾಲ್ಕೆ ಕುಟುಂಬದವರ ಬಳಿ ಉಳಿದಿದ್ದ ಫಿಲ್ಮ್ ತುಣುಕುಗಳನ್ನು ಶ್ರಮವಹಿಸಿ ಸಂಗ್ರಹಿಸಿದರು. ಕಾಳಿಯ ಮರ್ದನದ ಬಹುಭಾಗ, ರಾಜಾ ಹರಿಶ್ಚಂದ್ರ, ಲಂಕಾ ದಹನ ಮತ್ತು ಶ್ರೀಕೃಷ್ಣ ಜನ್ಮ ಚಿತ್ರಗಳ ಕೆಲವು ಭಾಗಗಳು ಇಂದು ಲಭ್ಯವಿವೆ. ರಾಜಾ ಹರಿಶ್ಚಂದ್ರದ ಉಳಿದ ರೀಲುಗಳು 1913ರ ಮೂಲ ಚಿತ್ರದವಲ್ಲ, 1917ರಲ್ಲಿ ಫಾಲ್ಕೆ ಅವರೇ ಪುನಃ ಚಿತ್ರೀಕರಿಸಿದವು ಎಂಬುದು ತಜ್ಞರ ಅಭಿಪ್ರಾಯವಾಗಿದೆ.

ಗೌರವ ಮತ್ತು ಸ್ಮರಣೆ

ಭಾರತ ಸರ್ಕಾರವು 1969ನೇ ಸಾಲಿನಿಂದ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯನ್ನು ಸ್ಥಾಪಿಸಿದ್ದು, ಪ್ರಥಮ ಪ್ರಶಸ್ತಿಯನ್ನು ನಟಿ ದೇವಿಕಾ ರಾಣಿ ಅವರಿಗೆ ನೀಡಲಾಯಿತು. 1971ರಲ್ಲಿ ಅಂಚೆ ಇಲಾಖೆಯು ಫಾಲ್ಕೆ ಅವರ ಸ್ಮರಣಾರ್ಥ ಅಂಚೆ ಚೀಟಿಯನ್ನು ಹೊರತಂದಿತು. ಮುಂಬಯಿಯ ಗೋರೆಗಾಂವ್‌ನ ಚಿತ್ರನಗರಿಗೆ ಅವರ ಹೆಸರನ್ನು ಇಡಲಾಗಿದೆ. ನಾಸಿಕ್‌ನಲ್ಲಿ ಅವರ ಸ್ಮಾರಕವಿದೆ.

ಕರ್ನಾಟಕಕ್ಕೆ ಸಂಬಂಧಿಸಿದಂತೆ, 1995ನೇ ಸಾಲಿನ ಪ್ರಶಸ್ತಿಯು ವರನಟ ಡಾ. ರಾಜಕುಮಾರ್ ಅವರಿಗೆ ಸಂದಿತು. ಮೈಸೂರಿನಲ್ಲಿ ಜನಿಸಿದ ಛಾಯಾಗ್ರಾಹಕ ವಿ.ಕೆ. ಮೂರ್ತಿ ಅವರು 2008ನೇ ಸಾಲಿನ ಪ್ರಶಸ್ತಿಗೆ ಭಾಜನರಾಗಿ, ಈ ಗೌರವ ಪಡೆದ ಪ್ರಥಮ ಛಾಯಾಗ್ರಾಹಕರೆನಿಸಿದರು. 1934ರಲ್ಲಿ ತೆರೆಕಂಡ ಕನ್ನಡದ ಪ್ರಥಮ ವಾಕ್ಚಿತ್ರ ಸತಿ ಸುಲೋಚನಾ ಸಹ ರಾಮಾಯಣದ ಕಥೆಯನ್ನೇ ಆಧರಿಸಿದ್ದು, ಅದರ ಚಿತ್ರೀಕರಣ ಕೊಲ್ಹಾಪುರದಲ್ಲಿ ನಡೆದಿತ್ತು. ಪುರಾಣವನ್ನು ತೆರೆಗೆ ತಂದು ಜನರನ್ನು ಚಿತ್ರಮಂದಿರಕ್ಕೆ ಕರೆತಂದ ಫಾಲ್ಕೆ ಅವರ ಮಾರ್ಗದಲ್ಲಿಯೇ ಕನ್ನಡ ಚಲನಚಿತ್ರವೂ ತನ್ನ ಮೊದಲ ಹೆಜ್ಜೆ ಇಟ್ಟಿತು.

ಜೀವನದ ಮುಖ್ಯ ಘಟ್ಟಗಳು

1870: ತ್ರ್ಯಂಬಕೇಶ್ವರದಲ್ಲಿ ಜನನ
1885: ಸರ್ ಜೆ.ಜೆ. ಕಲಾಶಾಲೆಗೆ ಪ್ರವೇಶ
1903: ಪುರಾತತ್ತ್ವ ಇಲಾಖೆಯಲ್ಲಿ ಸೇವೆ
1912: ಲಂಡನ್ ಪ್ರವಾಸ, ಕ್ಯಾಮೆರಾ ಖರೀದಿ
1913: ರಾಜಾ ಹರಿಶ್ಚಂದ್ರ, ಮೋಹಿನಿ ಭಸ್ಮಾಸುರ
1917: ಲಂಕಾ ದಹನ
1918: ಹಿಂದೂಸ್ತಾನ್ ಸಿನಿಮಾ ಫಿಲ್ಮ್ಸ್ ಕಂಪನಿ ಸ್ಥಾಪನೆ, ಶ್ರೀಕೃಷ್ಣ ಜನ್ಮ
1919: ಕಾಳಿಯ ಮರ್ದನ
1937: ಕೊನೆಯ ಚಿತ್ರ ಗಂಗಾವತರಣ
1944: ನಾಸಿಕ್‌ನಲ್ಲಿ ನಿಧನ
1969: ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯ ಸ್ಥಾಪನೆ